ದಬ್ಬಳದಕ್ಕನ ಸಣ್ಣ ಬೀಗದಕೈ

ಪುಸ್ತಕ ಕೈಗೆ ಬಂದರೆ ನೀವು ನಾವೆಲ್ಲ ಹೆಸರು ನೋಡುತ್ತೇವೆ, ಮುಖಪುಟ ನೋಡುತ್ತೇವೆ, ಆ ಚಾಳಿ ಇದ್ದವರು ಮೂಸಿಯೂ ನೋಡುತ್ತಾರೆ. ದಬ್ಬಳದಕ್ಕ ಮಾತ್ರ ಪುಸ್ತಕವನ್ನು ಬೋರಲು ಹಾಕಿ ಕೊನೆಯ ಹಾಳೆ ತೆಗೆಯುತ್ತಾಳೆ. ಅದು ಇದೆ ಎಂದು ಖಾತ್ರಿಯಾದ ಮೇಲೆ ಮುಂದಿನ ಮಾತು. ಇಲ್ಲದಿದ್ದರೆ ಅವಳ ಮುಖ ಗಂಟಾಗುತ್ತದೆ. ಮಗುವಿಗೆ ಊಟ ಹಾಕದೆ ಕರೆದುಕೊಂಡು ಬಂದವರನ್ನು ನೋಡುವ ಹಾಗೆ ಪುಸ್ತಕ ತಂದವರನ್ನು ನೋಡಿ, "ಕೊನೇದು ಎಲ್ಲಿ ಹೋಯ್ತು?" ಎಂದು ಕೇಳುತ್ತಾಳೆ. ಎಂಥ ಜಬರದಸ್ತಿನ ಓದುಗರೂ ಆ ಪ್ರಶ್ನೆಗೆ ತಡವರಿಸುತ್ತಾರೆ.

ಅವಳಿರುವುದು ಕೋರ್ಟಿನ ಹಿಂದಿನ ರಸ್ತೆಯ ಒಂದು ಬಾಡಿಗೆ ಪುಸ್ತಕದಂಗಡಿಯಲ್ಲಿ. ಒಂದು ಪಕ್ಕ ಔಷಧಿ ಅಂಗಡಿ, ಇನ್ನೊಂದು ಪಕ್ಕ ಗಡಿಯಾರ ರಿಪೇರಿ. ನಡುವೆ ಸಿಕ್ಕಿಕೊಂಡ ಈ ಅಂಗಡಿ ರೈಲು ಡಬ್ಬಿಯ ಹಾಗೆ ಉದ್ದಕ್ಕೆ ಇದೆ, ಅಗಲ ಇಲ್ಲ. ಇಬ್ಬರು ಎದುರಾಬದುರಾದರೆ ಒಬ್ಬರು ಕಪಾಟಿಗೆ ಒತ್ತಿಕೊಂಡು ಉಸಿರು ಹಿಡಿಯಬೇಕು. ಅಲ್ಲಿರುವ ಪುಸ್ತಕಗಳೆಲ್ಲ ಒಂದೇ ಜಾತಿಯವು. ಕೊಲೆ, ಕಳ್ಳತನ, ಮೋಸ, ಅಪಹರಣ. ನಿವೃತ್ತ ಪೊಲೀಸರ ನೆನಪುಗಳು, ವಕೀಲರ ನೆನಪುಗಳು, ಜೈಲರುಗಳ ನೆನಪುಗಳು. ಊರು ದೊಡ್ಡದಾದರೆ ಕಳ್ಳರು ಯಾಕೆ ಹೆಚ್ಚುತ್ತಾರೆ ಎಂದು ತಲೆದಿಂಬಿನಷ್ಟು ದಪ್ಪಕ್ಕೆ ಬರೆದ ಪಂಡಿತರ ಗ್ರಂಥಗಳು. ಅಡುಗೆ ಪುಸ್ತಕ ಕೇಳಿಕೊಂಡು ಬಂದವರಿಗೆ ಮಾಲೀಕರು ಪಕ್ಕದ ಬೀದಿ ತೋರಿಸುತ್ತಾರೆ.

ಮಾಲೀಕರನ್ನು ಇಡೀ ರಸ್ತೆ ಕರೆಯುವುದು ಕೂಗುಮಾಮ ಎಂದು. ಹಿಂದೆ ಅವರು ಕ್ರಿಮಿನಲ್ ಕೋರ್ಟಿನಲ್ಲಿ ಜವಾನರು. ಬಾಗಿಲಲ್ಲಿ ನಿಂತು, ಕಟಕಟೆಗೆ ಬರಬೇಕಾದವರ ಹೆಸರನ್ನು ಮೂರು ಸಲ ಕೂಗುವುದು ಅವರ ಕೆಲಸ. ಸರ್ವೀಸು ಪೂರ್ತಿ ಹೆಸರು ಕೂಗಿದರೇ ಹೊರತು, ಒಳಗೆ ಏನು ನಡೆಯಿತು ಎಂದು ಪೂರ್ತಿ ಕೇಳುವ ಪುಣ್ಯ ಬರಲಿಲ್ಲ. ಒಂದು ಕೇಸು ರಸವತ್ತಾಗುವ ಹೊತ್ತಿಗೆ ಇನ್ನೊಂದು ಹೆಸರು ಕೂಗಲು ಹೊರಗೆ ಓಡಬೇಕು. ಆ ಹಸಿವು ಎಷ್ಟಿತ್ತೆಂದರೆ, ನಿವೃತ್ತಿಯಾದ ಮಾರನೆಯ ತಿಂಗಳೇ ಈ ಅಂಗಡಿ ತೆರೆದು, ಕೂತು, ಮೊದಲ ಪುಟದಿಂದ ಕೊನೆಯ ಪುಟದವರೆಗೆ ಓದಲು ಶುರುಮಾಡಿದರು. ಗಿರಾಕಿ ಬಂದರೆ ತಲೆಯೆತ್ತದೆ ಕೈಯಲ್ಲೇ ಕಪಾಟು ತೋರಿಸುತ್ತಿದ್ದರು.

ದಬ್ಬಳದಕ್ಕನ ಕಥೆ ಈ ರಸ್ತೆಯಲ್ಲಿ ಗುಟ್ಟೇನಲ್ಲ. ಅವಳು ಹಿಂದೆ ಒಂದು ದೊಡ್ಡ ಮನೆಯಲ್ಲಿ ಕೆಲಸಕ್ಕಿದ್ದಳು. ಅಲ್ಲಿ ಕದ್ದಳು. ಮಗಳಿಗೆ ಕಾಯಿಲೆಯಾಗಿತ್ತು, ಔಷಧಿಗೆ ಗತಿಯಿರಲಿಲ್ಲ ಎಂದು ಸೇರಿಸಿದರೆ ಕಥೆಗೆ ಅನುಕೂಲ, ಕೇಳುವವರೂ ಲೊಚಗುಟ್ಟುತ್ತಾರೆ. ಆದರೆ ಮಗಳು ಗುಂಡುಕಲ್ಲಿನ ಹಾಗಿದ್ದಳು. ಗಂಡನೆನ್ನುವವನು ಆ ಮಗುವಿಗೆ ಹಲ್ಲು ಬರುವ ಮೊದಲೇ ನಾಪತ್ತೆಯಾಗಿದ್ದ, ನಿಜ. ಆದರೂ ಉಪವಾಸ ಯಾರೂ ಇರಲಿಲ್ಲ. ಡ್ರಾಯರು ತೆರೆದಿತ್ತು, ಉಂಗುರ ಕಣ್ಣಿಗೆ ಬಿತ್ತು, ಕೈ ಹೋಯಿತು. ಯಾರೂ ಗಮನಿಸಲಿಲ್ಲವೆಂದು ಮತ್ತೆ ಹೋಯಿತು. ಮೂರನೆಯ ಸಲ ಸಿಕ್ಕಿಬಿದ್ದಳು. ಎರಡು ವರ್ಷ ಶಿಕ್ಷೆಯಾಯಿತು. ಮಗಳನ್ನು ಅಕ್ಕ ಭಾವ ಕರೆದುಕೊಂಡು ಹೋದರು.

ಹೆಂಗಸರ ಜೈಲಿನಲ್ಲಿ ರಟ್ಟು ಕಟ್ಟುವ ಕೆಲಸವಿತ್ತು. ಅದನ್ನು ಕಲಿಸುತ್ತಿದ್ದವಳು ಅಲ್ಲೇ ತಲೆ ನರೆತ ಒಬ್ಬ ಅಜ್ಜಿ. ದಾರಕ್ಕೆ ಮೇಣ ಹೇಗೆ ತಿಕ್ಕಬೇಕು, ಹಿಟ್ಟಿನ ಅಂಟು ಯಾವ ಹದಕ್ಕೆ ಕುದಿಯಬೇಕು, ಪುಸ್ತಕದ ಬೆನ್ನನ್ನು ಮರದ ಕೊಡತಿಯಿಂದ ಎಷ್ಟು ಮೆತ್ತಗೆ ತಟ್ಟಬೇಕು, ಎಲ್ಲ ಆ ಅಜ್ಜಿ ಕಲಿಸಿದ್ದು. ಅಲ್ಲೊಂದು ಕಪಾಟಿನಲ್ಲಿ ಯಾರೋ ದಾನ ಕೊಟ್ಟ ಪುಸ್ತಕಗಳಿದ್ದವು. ಜೈಲಿಗೆ ಪುಸ್ತಕ ಕೊಡುವಾಗ ಜನ ಏನು ಲೆಕ್ಕ ಹಾಕುತ್ತಾರೋ ಗೊತ್ತಿಲ್ಲ, ಅರ್ಧ ನೀತಿಬೋಧೆ, ಉಳಿದರ್ಧ ಪತ್ತೇದಾರಿ. ನೀತಿ ಪುಸ್ತಕಗಳು ಹೊಸದಾಗಿಯೇ ಉಳಿದಿದ್ದವು. ಪತ್ತೇದಾರಿ ಪುಸ್ತಕಗಳು ಕೈಯಿಂದ ಕೈಗೆ ಹೋಗಿ ಹೋಗಿ ಹೊಲಿಗೆ ಬಿಟ್ಟಿದ್ದವು, ಒಂದಕ್ಕೂ ಕೊನೆಯ ಹಾಳೆಗಳಿರಲಿಲ್ಲ.

ಹಾಗಾಗಿ ಅಲ್ಲೊಂದು ಪದ್ಧತಿ ಬೆಳೆದಿತ್ತು. ಸಂಜೆ ಓದು ಬರುವವಳೊಬ್ಬಳು ಗಟ್ಟಿಯಾಗಿ ಓದುವುದು. ಹಾಳೆ ಮುಗಿದಲ್ಲಿ ಕೋರ್ಟು ಶುರು. ಅಜ್ಜಿಯೇ ಜಡ್ಜು, ಕೈಯಲ್ಲಿ ಅದೇ ಕೊಡತಿ. ಒಬ್ಬಳು ಆಪಾದನೆ ಹೊರಿಸುವವಳು, ಒಬ್ಬಳು ವಕೀಲೆ, ಉಳಿದವರೆಲ್ಲ ಸಾಕ್ಷಿಗಳು. ವಾದ ಜಗಳಕ್ಕೆ ತಿರುಗಿ, ಜಗಳ ಜಡೆಗೆ ಬರುವ ಮೊದಲು ಅಜ್ಜಿ ಕೊಡತಿ ಕುಟ್ಟಿ ತೀರ್ಪು ಕೊಡುತ್ತಿದ್ದಳು. ತೀರ್ಪು ಯಾವತ್ತೂ ಒಂದೇ: "ಪಾಪ, ಬಿಟ್ಬಿಡಿ." ಆ ನ್ಯಾಯಾಲಯದಲ್ಲಿ ಶಿಕ್ಷೆಯಾದವರು ಒಬ್ಬರೂ ಇಲ್ಲ.

ಒಂದು ಪುಸ್ತಕ ಮಾತ್ರ ದಬ್ಬಳದಕ್ಕನ ಗಂಟಲಲ್ಲಿ ಮುಳ್ಳಾಗಿ ಉಳಿಯಿತು. ಒಂದು ಊರಿನ ಶ್ರೀಮಂತ ಹೆಂಗಸು ಸತ್ತುಬಿದ್ದಿದ್ದಾಳೆ, ಮನೆಯವರು ಪೊಲೀಸರು ಎಲ್ಲ ಕೆಲಸದವಳ ಕಡೆಗೇ ಬೆರಳು ತೋರಿಸುತ್ತಾರೆ. ಅಷ್ಟರಲ್ಲಿ ಹಾಳೆ ಮುಗಿಯಿತು. ಅಜ್ಜಿ ಎಂದಿನಂತೆ ಬಿಟ್ಟುಬಿಡಿ ಎಂದಳು. ಇವಳಿಗೆ ಆ ಬಿಡುಗಡೆ ಸಾಕಾಗಲಿಲ್ಲ. ಕೆಲಸದವಳು ನಿಜವಾಗಿ ಮಾಡಿದ್ದಳೋ ಇಲ್ಲವೋ ತಿಳಿಯಲೇಬೇಕಿತ್ತು. ಅದು ಯಾಕೆ ಅಷ್ಟು ಮುಖ್ಯ ಎಂದು ಕೇಳಿದ್ದರೆ ಅವಳಿಗೂ ಹೇಳಲು ಬರುತ್ತಿರಲಿಲ್ಲ.

ಬಿಡುಗಡೆಯಾದ ವಾರದಲ್ಲೇ ಆ ಪುಸ್ತಕ ಹುಡುಕಿಕೊಂಡು ಊರಿನ ಅಂಗಡಿಗಳನ್ನೆಲ್ಲ ಅಲೆದು, ಕೊನೆಗೆ ಕೂಗುಮಾಮನ ಬಾಗಿಲಿಗೆ ಬಂದು ನಿಂತಳು. ಕಥೆ ಹೇಳಿ, "ಕೊನೇಲಿ ಏನಾಯ್ತು ಅಂತ ಹೇಳ್ಬಿಡಿ ಸಾಕು, ಹೊರಟು ಹೋಗ್ತೀನಿ" ಎಂದಳು.

ಮಾಮ ಕನ್ನಡಕದ ಮೇಲಿಂದ ನೋಡಿದರು. "ಹೇಳೋದಾ? ಅದಕ್ಕಿಂತ ಪಾಪ ಇನ್ನೊಂದಿಲ್ಲ ತಾಯಿ. ಕೂತ್ಕೋ, ಓದು."

ಆ ಗಂಟಲಿನ ಗುರುತು ಅವಳಿಗೆ ತಟ್ಟನೆ ಸಿಕ್ಕಿತು. "ನೀವು ನನ್ನ ಹೆಸರು ಕೂಗಿದ್ದೀರಿ. ಕೋರ್ಟಲ್ಲಿ" ಎಂದುಬಿಟ್ಟಳು.

"ಕೂಗಿರ್ತೀನಿ. ಈ ಊರಲ್ಲಿ ಯಾರ ಹೆಸರು ಕೂಗಿಲ್ಲ ನಾನು? ನನ್ನ ಸ್ವಂತ ಷಡ್ಡಕನ ಹೆಸರೇ ಎರಡು ಸಲ ಕೂಗಿದ್ದೀನಿ" ಎಂದು ಮಾಮ ಸ್ಟೂಲು ಎಳೆದು ಕೊಟ್ಟರು.

ಅವಳು ಕೂತು ಓದಿದಳು. ಕೊಲೆ ಮಾಡಿದವನು ಶ್ರೀಮಂತ ಹೆಂಗಸಿನ ಸ್ವಂತ ತಮ್ಮ. ಕೆಲಸದವಳು ಕೊನೆಯ ಪುಟದಲ್ಲಿ ಎರಡೂ ಕೈ ಬೀಸಿಕೊಂಡು ಗೇಟು ದಾಟಿ ಹೋಗುತ್ತಾಳೆ. ದಬ್ಬಳದಕ್ಕ ಸೆರಗಿನಲ್ಲಿ ಮುಖ ಮುಚ್ಚಿಕೊಂಡು ಅತ್ತಳು. ಅತ್ತು ಮುಗಿದ ಮೇಲೆ ಪುಸ್ತಕ ತಿರುಗಿಸಿ ನೋಡಿ, ಮೂಗೊರೆಸಿಕೊಳ್ಳುತ್ತ, "ಇದರ ಹೊಲಿಗೆ ಬಿಡ್ತಾ ಇದೆ ಮಾಮ. ಇನ್ನೊಬ್ಬರು ಓದಿದ್ರೆ ಕೊನೇ ಹಾಳೆಗಳು ಹೋದವು. ಒಂದು ದಬ್ಬಳ ಇದ್ರೆ ಕೊಡಿ" ಎಂದಳು. ಗೋಣಿಚೀಲ ಹೊಲಿಯುವ ದಪ್ಪ ಸೂಜಿಯೊಂದು ರಸ್ತೆ ಕೊನೆಯ ದಿನಸಿ ಅಂಗಡಿಯಲ್ಲಿ ಸಿಕ್ಕಿತು. ಅವತ್ತು ಅವಳು ಹೊಲಿದ ಪುಸ್ತಕ ಇವತ್ತಿಗೂ ಗಟ್ಟಿಯಾಗಿದೆ, ಅವಳೂ ಅಂಗಡಿ ಬಿಟ್ಟು ಕದಲಿಲ್ಲ. ಮಾಮ ಅವಳ ಹೆಸರು ಹಿಡಿದು ಕರೆದದ್ದೇ ಇಲ್ಲ. "ಅದನ್ನ ಮೂರು ಸಲ ಜೋರಾಗಿ ಕೂಗಿದ್ದೀನಲ್ಲ, ಸಾಕು" ಎಂದು ಈ ಹೊಸ ಹೆಸರಿಟ್ಟರು. ಅದಕ್ಕಾಗಿಯೇ ಅವಳು ಅವರಿಗೆ ದಿನಾ ಮನಸ್ಸಿನಲ್ಲಿ ಒಂದು ನಮಸ್ಕಾರ ಹಾಕುತ್ತಾಳೆ.

ಕೆಲಸಕ್ಕೆ ಸೇರಿದ ದಿನವೇ ಮಾಮ ಒಂದು ಬೀಗದಕೈ ಗೊಂಚಲು ಕೊಟ್ಟಿದ್ದರು. "ಒಂದು ಜೊತೆ ನಿನ್ನ ಹತ್ರ ಇರ್ಲಿ. ಬೆಳಿಗ್ಗೆ ನನಗೆ ಏಳೋಕೆ ಆಗಲ್ಲ, ನೀನೇ ಬಾಗಿಲು ತೆಗಿ." ಮುಂಬಾಗಿಲಿನದು ಒಂದು, ಹಿಂಬಾಗಿಲಿನದು ಒಂದು, ಜೊತೆಗೆ ಕಿರುಬೆರಳಷ್ಟು ಸಣ್ಣದೊಂದು. ಆ ಸಣ್ಣದು ಯಾವುದೋ ಹಳೆಯ ಪೆಟ್ಟಿಗೆಯದಿರಬೇಕು ಎಂದುಕೊಂಡಳು. ಹಾಕಿ ನೋಡಲಿಲ್ಲ. ತನ್ನದಲ್ಲದ ಬೀಗಕ್ಕೆ ಕೈ ಹಚ್ಚುವುದಿಲ್ಲ ಎಂದು ಜೈಲಿನ ಬಾಗಿಲಲ್ಲೇ ಅವಳು ತನಗೆ ತಾನೇ ಮಾತು ಕೊಟ್ಟುಕೊಂಡಿದ್ದಳು. ಮಾಮನ ಮೇಜಿನ ಡ್ರಾಯರಿನ ಕಡೆಗಂತೂ ಬೆನ್ನು ಹಾಕಿಯೇ ಕೂರುತ್ತಿದ್ದಳು.

ಇನ್ನೊಂದು ಅಭ್ಯಾಸವೂ ಅವಳಿಗೆ ಅಂಟಿಕೊಂಡಿತ್ತು. ಜೈಲಿನ ಕೆಲಸದ ಕೋಣೆಯಿಂದ ಹೊರಡುವಾಗ ಎಲ್ಲರೂ ಕೈಚೀಲ ಬಿಚ್ಚಿ ತೋರಿಸಬೇಕಿತ್ತು. ಇಲ್ಲೂ ಸಂಜೆ ಹೊರಡುವಾಗ, ಯಾರೂ ಕೇಳದಿದ್ದರೂ, ಮಾಮನ ಮುಂದೆ ನಿಂತು ಚೀಲದ ಬಾಯಿ ಅಗಲಿಸುತ್ತಿದ್ದಳು. ಬೇಡವೆಂದು ಹೇಳಿ ಸೋತ ಮಾಮ ಆಮೇಲೆ ತಮ್ಮದೇ ಒಂದು ಉಪಾಯ ಮಾಡಿಕೊಂಡರು. ಅವಳು ಚೀಲಕ್ಕೆ ಕೈ ಹಾಕಿದ ತಕ್ಷಣ ಗೋಡೆಯ ಕಡೆ ತಿರುಗಿ ಕ್ಯಾಲೆಂಡರು ಸರಿಮಾಡುವುದು. ನೆಟ್ಟಗಿದ್ದ ಕ್ಯಾಲೆಂಡರನ್ನು ಆ ಮನುಷ್ಯ ಆರು ವರ್ಷ ದಿನಾ ನೆಟ್ಟಗೆ ಮಾಡಿದ್ದಾರೆ.

ಈ ಆರು ವರ್ಷದಲ್ಲಿ ಅವಳ ಕಣ್ಣೆಲ್ಲ ಇದ್ದದ್ದು ಒಂದೇ ಕಡೆ. ಮಗಳು ಇನ್ನೂ ಅಕ್ಕನ ಮನೆಯಲ್ಲಿದ್ದಳು. ಭಾವ ಕೆಟ್ಟವರೇನಲ್ಲ, ಕಟ್ಟುನಿಟ್ಟಿನವರು. "ಶಾಲೆ ಮುಗಿಯೋ ತನಕ ಮಗು ನಮ್ಮಲ್ಲೇ ಇರ್ಲಿ. ಅಷ್ಟರಲ್ಲಿ ಪೊಲೀಸ್ ತಕರಾರು ಅಂತ ನಿನ್ನ ಹೆಸರು ಒಂದೇ ಒಂದು ಸಲ ಬರಬಾರದು. ಬರಲಿಲ್ವೋ, ನಾನೇ ಕರ್ಕೊಂಡು ಬಂದು ಬಿಡ್ತೀನಿ" ಎಂದಿದ್ದರು. ಈಗ ಶಾಲೆ ಮುಗಿದಿತ್ತು. ಮುಂದಿನ ಭಾನುವಾರ ಬರುವುದೆಂದು ಮಾತಾಗಿತ್ತು. ದಬ್ಬಳದಕ್ಕ ತನ್ನ ಒಂಟಿ ಕೋಣೆಗೆ ಸುಣ್ಣ ಬಳಿದು, ಕಿಟಕಿಗೆ ಪರದೆ ಹೊಲಿದು, ಹೊಸ ದಿಂಬೊಂದು ತಂದು ಅದಕ್ಕೆ ಧೂಳು ಕೂರದಂತೆ ಸೀರೆ ಮುಚ್ಚಿಟ್ಟಿದ್ದಳು.

ಆ ವಾರವೇ ಕಳ್ಳತನ ಆಯಿತು.

ಬೆಳಿಗ್ಗೆ ಅವಳು ಬಾಗಿಲು ತೆಗೆದು ನೋಡಿದರೆ ಹಿಂದಿನ ಕಿಟಕಿಯ ಸರಳು ಬಾಗಿದೆ, ಮೇಜಿನ ಮರ ಸೀಳಿದೆ, ಡ್ರಾಯರು ಬಾಯಿಬಿಟ್ಟು ನೆಲದ ಮೇಲೆ ಬಿದ್ದಿದೆ. ಮಾಮನ ಮನೆಯಲ್ಲಿ ಆಗ ಚಾವಣಿ ರಿಪೇರಿ ನಡೆಯುತ್ತಿತ್ತು. ಮನೆಯ ತುಂಬ ಕೂಲಿಯವರು ಓಡಾಡುತ್ತಾರೆಂದು ಮಾಮ, ತೀರಿಹೋದ ಹೆಂಡತಿಯ ಜೋಡಿ ಚಿನ್ನದ ಬಳೆಗಳನ್ನು ಕರವಸ್ತ್ರದಲ್ಲಿ ಸುತ್ತಿ ತಂದು ಅದೇ ಡ್ರಾಯರಿನಲ್ಲಿ ಇಟ್ಟಿದ್ದರು. ಅವಳ ಕಣ್ಣೆದುರಿಗೇ ಇಟ್ಟಿದ್ದರು. ಈಗ ಕರವಸ್ತ್ರ ಇತ್ತು, ಬಳೆ ಇರಲಿಲ್ಲ.

ಅವಳು ಒಂದು ವಸ್ತುವನ್ನೂ ಮುಟ್ಟದೆ ಹಿಂದೆ ಹಿಂದೆ ಹೆಜ್ಜೆಯಿಟ್ಟು ರಸ್ತೆಗೆ ಬಂದು, ಎರಡೂ ಅಂಗೈ ಮುಂದಕ್ಕೆ ಚಾಚಿ ನಿಂತುಬಿಟ್ಟಳು, ಹೊಸದಾಗಿ ಬಣ್ಣ ಬಳಿದ ಗೋಡೆ ಮುಟ್ಟಿದವರ ಹಾಗೆ. ಮೊದಲು ಓಡಿ ಬಂದವರು ಎದುರಿನ ಹಲ್ಲಿನ ಡಾಕ್ಟರು. ಹಿಂದೆಯೇ ಟೈಲರು, ಅವರ ಹಿಂದೆ ನಿವೃತ್ತ ನರ್ಸಮ್ಮ. ಮೂವರೂ ಅಂಗಡಿಯ ಖಾಯಂ ಓದುಗರು. ಮೂವರೂ ಸೇರಿ ಏನಿಲ್ಲೆಂದರೂ ಸಾವಿರ ಕೊಲೆ ಅರಗಿಸಿಕೊಂಡವರು. ನಿಜವಾದ ಅಪರಾಧವೊಂದು ತಮ್ಮ ಕಾಲಬುಡದಲ್ಲೇ ಆಗಿದೆ ಎಂದು ತಿಳಿದಾಗ ಅವರ ಮುಖದ ಕಳೆ ನೋಡಬೇಕಿತ್ತು. ಮಾಮನ ಬಳೆ ಹೋಯಿತಲ್ಲ ಎಂಬ ಸಂಕಟ ಇತ್ತು, ಇಲ್ಲವೆನ್ನಲಾರೆ. ಆದರೆ ಡಾಕ್ಟರು, "ಯಾರೂ ಏನೂ ಮುಟ್ಟಬೇಡಿ!" ಎಂದು ಕೂಗಿದ ಧಾಟಿಯಲ್ಲಿ ಜನ್ಮ ಸಾರ್ಥಕವಾದ ಸಂತೋಷವೂ ಇತ್ತು. ಟೈಲರು ಕೊರಳಲ್ಲಿದ್ದ ಟೇಪು ತೆಗೆದು ಕಿಟಕಿಯಿಂದ ಮೇಜಿಗೆ ಎಷ್ಟು ದೂರ ಎಂದು ಅಳೆಯತೊಡಗಿದರು. ಯಾಕೆ ಎಂದು ಅವರಿಗೇ ಗೊತ್ತಿರಲಿಲ್ಲ.

ಮಾಮ ಬಂದು ಒಳಗೆ ನೋಡಿ, ಖಾಲಿ ಕರವಸ್ತ್ರವನ್ನು ಕಂಡು, ಸ್ಟೂಲಿನ ಮೇಲೆ ಕೂತರು. ಸ್ವಲ್ಪ ಹೊತ್ತಿಗೆ ಇನ್ಸ್‌ಪೆಕ್ಟರು ಬಂದರು. ಸುತ್ತ ನೋಡಿದರು, ಸರಳು ನೋಡಿದರು, ದಬ್ಬಳದಕ್ಕನನ್ನು ನೋಡಿದರು. ನೋಡಿದ ಕಣ್ಣು ಅಲ್ಲೇ ನಿಂತಿತು.

"ಬಾಗಿಲು ತೆಗೆದಿದ್ದು ಯಾರು? ನೀನಾ? ನೀನು ಮುಂಚೆ ಒಳಗಿದ್ದವಳು ಅಲ್ವಾ?"

"ಹೌದು ಸಾರ್."

"ಬಳೆ ಇಲ್ಲಿರೋದು ಯಾರ್ಯಾರಿಗೆ ಗೊತ್ತಿತ್ತು?"

"ಮಾಮನಿಗೆ ಗೊತ್ತಿತ್ತು, ನನಗೆ ಗೊತ್ತಿತ್ತು ಸಾರ್."

"ಮತ್ತೆ ಇನ್ನೇನು? ನಡಿ ಸ್ಟೇಷನ್ನಿಗೆ."

ದಬ್ಬಳದಕ್ಕನಿಗೆ ಆ ಕ್ಷಣ ಕಣ್ಣಿಗೆ ಕಟ್ಟಿದ್ದು ಸೀರೆ ಮುಚ್ಚಿದ ಹೊಸ ದಿಂಬು. ಭಾನುವಾರ ಕೈತಪ್ಪಿತು ಎಂದುಕೊಂಡಳು. ಇನ್ನು ಯಾವ ಭಾನುವಾರವೂ ಇಲ್ಲ.

ಆಗ ನಮ್ಮ ಮೂವರು ಪಂಡಿತರು ಅಡ್ಡ ನಿಂತರು. ಕಪಾಟುಗಳ ನಡುವೆ ಇದ್ದದ್ದೇ ಇಷ್ಟು ದಾರಿ, ಅವರು ನಿಂತ ಮೇಲೆ ಇನ್ಸ್‌ಪೆಕ್ಟರು ಅತ್ತ ಹೋಗುವಂತಿಲ್ಲ, ಇತ್ತ ಬರುವಂತಿಲ್ಲ.

"ಸಾಧ್ಯವೇ ಇಲ್ಲ ಸಾರ್" ಎಂದರು ಡಾಕ್ಟರು. "ನೀವೇ ಯೋಚನೆ ಮಾಡಿ. ಮುಂಚೆ ಜೈಲಿಗೆ ಹೋದವಳು, ಬೀಗದಕೈ ಇಟ್ಕೊಂಡವಳು, ಬಳೆ ಇದೆ ಅಂತ ಗೊತ್ತಿರೋಳು. ಇಷ್ಟು ಸಲೀಸಾಗಿ ಅನುಮಾನ ಬರೋರು ಯಾವತ್ತಾದ್ರೂ ಕಳ್ಳರಾಗಿರ್ತಾರಾ?"

"ನಲವತ್ತನೇ ಪುಟದಲ್ಲಿ ಪೊಲೀಸರು ಯಾರನ್ನ ಹಿಡೀತಾರೋ, ಅವರು ಅಲ್ಲ ಅಂತಾನೇ ಲೆಕ್ಕ" ಎಂದರು ಟೈಲರು, ಟೇಪು ಸುತ್ತುತ್ತ. "ನಾನು ಒಂದು ಪುಸ್ತಕದಲ್ಲೂ ಬೇರೆ ಥರ ನೋಡಿಲ್ಲ."

ನರ್ಸಮ್ಮ ಇನ್ನೂ ಒಂದು ಹೆಜ್ಜೆ ಮುಂದೆ. "ಹಾಗೆ ನೋಡಿದ್ರೆ ಇಲ್ಲಿ ಯಾರಿಗೂ ಅನುಮಾನ ಬರದೇ ಇರೋರು ಅಂದ್ರೆ ಡಾಕ್ಟರೊಬ್ರೇ" ಎಂದುಬಿಟ್ಟರು. ಡಾಕ್ಟರ ಬಣ್ಣ ಸ್ವಲ್ಪ ಇಳಿಯಿತು.

ಇನ್ಸ್‌ಪೆಕ್ಟರಿಗೆ ರೇಗಿತು. "ಪುಸ್ತಕ ಓದಿ ಓದಿ ನಿಮ್ಮೆಲ್ಲರ ತಲೆ ಕೆಟ್ಟಿದೆ! ದಾರಿ ಬಿಡ್ರೀ."

ದಬ್ಬಳದಕ್ಕ ಬೆರಗಾಗಿ ನಿಂತಿದ್ದಳು. ಇವರ ತರ್ಕ ಹುಚ್ಚೋ ಬೆಪ್ಪೋ, ಅದು ಬೇರೆ ಮಾತು. ಆದರೆ ಅವಳ ಜೀವಮಾನದಲ್ಲಿ ಒಂದು ಗುಂಪು ಜನ ಒಂದೇ ಬಾಯಲ್ಲಿ "ಇವಳಲ್ಲ" ಎಂದದ್ದು ಅದೇ ಮೊದಲು. ಕಣ್ಣು ತುಂಬಿ ಬಂತು. ಆ ಕಪಾಟುಗಳಲ್ಲಿದ್ದ ಅಷ್ಟೂ ಪುಸ್ತಕಗಳಿಗೆ, ಅವುಗಳನ್ನು ಬರೆದು ಇವರ ತಲೆ ಕೆಡಿಸಿದ ಪುಣ್ಯಾತ್ಮರಿಗೆ ಅವಳು ಅಲ್ಲೇ ಕೈಮುಗಿಯುತ್ತಿದ್ದಳು, ಕೈ ಆಡಿಸಲು ಜಾಗವಿದ್ದಿದ್ದರೆ.

ಮಾಮ ಸ್ಟೂಲಿನಿಂದ ಎದ್ದರು. "ಸಾರ್, ಇವರ ಮಾತು ಬಿಡಿ. ನಾನು ಕೋರ್ಟಿನ ಬಾಗಿಲಲ್ಲಿ ನಿಂತು ಕೂದಲು ನೆರೆಸಿಕೊಂಡವನು. ಅಲ್ಲಿ ಹಾಗಿಲ್ಲ. ಮೊದಲು ಯಾರ ಮೇಲೆ ಅನುಮಾನ ಬರತ್ತೋ, ಬಹಳ ಸಲ ಅವರೇ ಆಗಿರ್ತಾರೆ. ಪುಸ್ತಕದೋರು ನಮಗೆ ಬೇಜಾರಾಗಬಾರದು ಅಂತ ತಿರುಚಿ ಬರೀತಾರೆ." ಓದುಗರು ಮೂವರೂ ಅವರನ್ನು ಮನೆಮುರುಕನನ್ನು ನೋಡುವ ಹಾಗೆ ನೋಡಿದರು. ಮಾಮ ದಬ್ಬಳದಕ್ಕನ ಕಡೆ ಕೈ ಚಾಚಿದರು. "ನಿನ್ನ ಗೊಂಚಲು ಕೊಡಮ್ಮ."

ಅವಳು ಕೊಟ್ಟಳು. ಮಾಮ ನೆಲದ ಮೇಲಿದ್ದ ಡ್ರಾಯರನ್ನು ಎತ್ತಿ ಮೇಜಿನ ಮೇಲಿಟ್ಟರು. ಕಳ್ಳ ಮರವನ್ನು ಸೀಳಿದ್ದ, ಬೀಗಕ್ಕೆ ಏನೂ ಆಗಿರಲಿಲ್ಲ. ಮಾಮ ಆ ಕಿರುಬೆರಳಷ್ಟು ಸಣ್ಣ ಬೀಗದಕೈಯನ್ನು ಅದಕ್ಕೆ ಹಾಕಿ ತಿರುಗಿಸಿದರು. ಬೀಗದ ನಾಲಿಗೆ ಟಕ್ ಎಂದು ಒಳಗೆ ಹೋಯಿತು. ಇನ್ನೊಮ್ಮೆ ತಿರುಗಿಸಿದರು, ಹೊರಗೆ ಬಂತು.

"ಆರು ವರ್ಷದಿಂದ ಈ ಡ್ರಾಯರಿನ ಬೀಗದಕೈ ಇವಳ ಹತ್ರಾನೇ ಇದೆ ಸಾರ್. ಬೇಕಿದ್ರೆ ಸದ್ದಿಲ್ಲದೆ ತೆಗೆದು, ಸದ್ದಿಲ್ಲದೆ ಮುಚ್ಚಬಹುದಿತ್ತು. ಮರ ಸೀಳೋ ಕರ್ಮ ಇವಳಿಗೇನಿತ್ತು?"

ಇನ್ಸ್‌ಪೆಕ್ಟರು ಗಲ್ಲ ಕೆರೆದುಕೊಂಡರು. ಡಾಕ್ಟರಿಗೆ ಮಾತ್ರ ಬಾಯಿ ಸುಮ್ಮನಿರಲಿಲ್ಲ. "ಆದ್ರೆ ಒಂದು ಪುಸ್ತಕದಲ್ಲಿ, ದಾರಿ ತಪ್ಪಿಸೋಕೆ ಅಂತಾನೇ..." ಎಂದು ಶುರುಮಾಡಿದರು. ನರ್ಸಮ್ಮ ಅವರ ತೋಳನ್ನು ಚಿವುಟಿದರು. ಸರ್ವೀಸಿನಲ್ಲಿ ಎಷ್ಟು ಸೂಜಿ ಚುಚ್ಚಿದ ಕೈಯೋ ಏನೋ, ಡಾಕ್ಟರು ಹಾ ಎಂದು ಸುಮ್ಮನಾದರು.

ಅಲ್ಲಿಗೆ ಮುಗಿಯಬೇಕಿತ್ತು. ದಬ್ಬಳದಕ್ಕ ಬಾಯಿ ಮುಚ್ಚಿಕೊಂಡಿದ್ದರೆ ಮುಗಿಯುತ್ತಿತ್ತು. ಆದರೆ ಅವಳು ಆ ಬೀಗದಕೈಯನ್ನೇ ದಿಟ್ಟಿಸುತ್ತ, ಕನಸಿನಲ್ಲಿ ಮಾತಾಡುವವರ ಹಾಗೆ, "ಇದು ಡ್ರಾಯರಿಂದು ಅಂತ ನನಗೆ ಗೊತ್ತೇ ಇರ್ಲಿಲ್ಲ ಮಾಮ" ಎಂದಳು.

ಟೈಲರು ಹಣೆ ಚಚ್ಚಿಕೊಂಡರು. "ಅಯ್ಯೋ, ಸುಮ್ನಿರೇ ಮಹರಾಯ್ತಿ!"

ಗೊತ್ತಿಲ್ಲದಿದ್ದರೆ, ಡ್ರಾಯರು ತೆಗೆಯಲು ಅವಳೂ ಮರ ಸೀಳಬೇಕಾಗುತ್ತಿತ್ತು. ಮಾಮ ಕಟ್ಟಿದ ಬೇಲಿಯನ್ನು ಅವಳು ತಾನೇ ಕಿತ್ತು ಹಾಕಿದ್ದಳು. ಅಲ್ಲಿದ್ದವರಿಗೆಲ್ಲ ಅದು ಹೊಳೆಯಿತು, ಇನ್ಸ್‌ಪೆಕ್ಟರಿಗೂ ಹೊಳೆಯಿತು, ಕೊನೆಗೆ ಅವಳಿಗೂ ಹೊಳೆದು ನಾಲಿಗೆ ಕಚ್ಚಿಕೊಂಡಳು. ಆದರೆ ಆಡಿದ್ದನ್ನು ತಿರುಗಿ ನುಂಗಲಿಲ್ಲ. "ಸುಳ್ಳು ಹೇಳಕ್ಕಾಗಲ್ಲ ಸಾರ್. ನಿಜವಾಗ್ಲೂ ಗೊತ್ತಿರ್ಲಿಲ್ಲ. ಒಂದು ಸಲಾನೂ ಹಾಕಿ ನೋಡಿಲ್ಲ" ಎಂದಳು.

ಇನ್ಸ್‌ಪೆಕ್ಟರು ಅವಳನ್ನು ತುಂಬ ಹೊತ್ತು ನೋಡಿದರು. ಆಮೇಲೆ ಟೋಪಿ ತೆಗೆದು ಮೇಜಿನ ಮೇಲಿಟ್ಟು, ಯಾಕೋ ನಕ್ಕುಬಿಟ್ಟರು. "ಏನಮ್ಮಾ ನೀನು! ಬಿಡಿಸಿಕೊಳ್ಳೋಕೆ ಅಂತ ಅವರು ಬಾಗಿಲು ತೆಗೆದ್ರೆ, ನೀನೇ ಒಳಗಿಂದ ಚಿಲಕ ಹಾಕ್ಕೋತೀಯಲ್ಲ. ಇಷ್ಟು ದಡ್ಡ ಕಳ್ಳರನ್ನ ನಾನಂತೂ ನೋಡಿಲ್ಲ." ಪಕ್ಕದಲ್ಲಿದ್ದ ಪೇದೆಗೆ ಹಿಂದಿನ ಓಣಿಯಲ್ಲಿ ವಿಚಾರಿಸಲು ಹೇಳಿದರು. ಇವಳಿಗೆ, "ಊರು ಬಿಟ್ಟು ಹೋಗ್ಬೇಡ, ಕರೆದಾಗ ಬಾ" ಎಂದಷ್ಟೇ ಹೇಳಿ ಹೊರಟರು. ಬಾಗಿಲಲ್ಲಿ ನಿಂತು, ಸ್ವಲ್ಪ ಸಂಕೋಚದಿಂದ, ಪೊಲೀಸರೇ ಗೆಲ್ಲುವ ಪುಸ್ತಕ ಯಾವುದಾದರೂ ಇದೆಯೇ ಎಂದು ಕೇಳಿದರು. ಮಾಮ ಒಂದು ಹುಡುಕಿ ಕೊಟ್ಟರು. ದಬ್ಬಳದಕ್ಕ ಅದರ ಕೊನೆಯ ಹಾಳೆ ನೋಡಿಯೇ ಕೈಗಿತ್ತಳು.

ಆದರೆ ಸುದ್ದಿಗೆ ಕಾಲು ಬೇಕಿಲ್ಲವಲ್ಲ. ಸಂಜೆಯೊಳಗೆ ಅಕ್ಕನ ಮನೆಗೆ ಮುಟ್ಟಿತು. ಭಾವ ಫೋನು ಮಾಡಿ, "ಮೊದಲು ಇದು ಬಗೆಹರೀಲಿ. ಆಮೇಲೆ ಮಗು ವಿಷಯ ಮಾತಾಡೋಣ" ಎಂದರು. ಬೈಯಲಿಲ್ಲ. ಬೈದಿದ್ದರೆ ಚೆನ್ನಾಗಿತ್ತು ಎನ್ನಿಸಿತು ಅವಳಿಗೆ. ಭಾನುವಾರ ಬಂತು, ಹೋಯಿತು. ಅವಳು ದಿಂಬಿನ ಮೇಲಿನ ಸೀರೆಯನ್ನು ತೆಗೆಯಲಿಲ್ಲ. ಅಂಗಡಿಯಲ್ಲಿ ಕೂತು, ಹೊಲಿಗೆ ಗಟ್ಟಿಯಾಗಿಯೇ ಇದ್ದ ಪುಸ್ತಕಗಳನ್ನೂ ಬಿಚ್ಚಿ ಮತ್ತೆ ಹೊಲಿದಳು. ಮಾಮ ಅದನ್ನು ನೋಡಿಯೂ ನೋಡದಂತಿದ್ದರು.

ಆ ದಿನಗಳಲ್ಲೇ ಒಂದು ಮಧ್ಯಾಹ್ನ ಅವಳು ಕೇಳಿದಳು. "ಅದು ಡ್ರಾಯರಿನ ಬೀಗದಕೈ ಅಂತ ಯಾಕೆ ಹೇಳಲಿಲ್ಲ ಮಾಮ ನೀವು?"

ಮಾಮ ಓದುತ್ತಿದ್ದ ಪುಟದಲ್ಲಿ ಬೆರಳಿಟ್ಟರು. "ಹೇಳಿದ್ರೆ ನೀನು ವಾಪಸ್ ಕೊಟ್ಬಿಡ್ತಿದ್ದೆ" ಎಂದರು. ಮತ್ತೆ ಓದಲು ಶುರುಮಾಡಿದರು.

ದಬ್ಬಳದಕ್ಕ ದಾರಕ್ಕೆ ಮೇಣ ತಿಕ್ಕುತ್ತ ಕೂತಳು. ತಿಕ್ಕಿದ್ದನ್ನೇ ತಿಕ್ಕಿದಳು. ತಾನು ನಂಬಿಕೆ ಗಳಿಸಬೇಕು ಎಂದು ಆರು ವರ್ಷ ಚೀಲ ಬಿಚ್ಚಿ ತೋರಿಸಿದ್ದಳು. ಅದು ಮೊದಲ ದಿನವೇ ಅವಳ ಸೊಂಟದಲ್ಲಿ, ಬೀಗದಕೈ ಗೊಂಚಲಿನಲ್ಲಿ, ಕಿಣಿಕಿಣಿ ಎನ್ನುತ್ತ ಇತ್ತು. ಇಂಥದ್ದಕ್ಕೆ ಏನು ಹೇಳಿ ಋಣ ತೀರಿಸುವುದು? ಏನೂ ತೋಚದೆ ಎದ್ದು ಹೋಗಿ ಮಾಮನಿಗೆ ಚಹಾ ತಂದಳು. ಸಕ್ಕರೆ ಎರಡು ಚಮಚ ಜಾಸ್ತಿಯೇ ಬಿತ್ತು, ಮಾಮ ಮುಖ ಕಿವುಚದೆ ಕುಡಿದರು.

ಕಳ್ಳ ಸಿಕ್ಕಿದ್ದು ಅದಾಗಿ ಕೆಲವು ದಿನಕ್ಕೆ. ಅದೇ ಓಣಿಯಿಂದ ನುಗ್ಗಿ ಗಡಿಯಾರದಂಗಡಿಗೂ ಕನ್ನ ಹಾಕಲು ಹೋಗಿ, ರಿಪೇರಿಗೆ ಬಂದಿದ್ದ ಅಲಾರಮ್ಮುಗಳೆಲ್ಲ ಒಟ್ಟಿಗೆ ಹೊಡೆದುಕೊಂಡು ಸಿಕ್ಕಿಬಿದ್ದಿದ್ದ. ಅವನ ಮನೆಯಲ್ಲಿ ಬಳೆ ಸಿಕ್ಕಿದವು. ಯಾರೂ ಎಂದೂ ಕಂಡಿರದ ಮನುಷ್ಯ. ಕಥೆಯಲ್ಲಿ ಒಮ್ಮೆಯೂ ಮುಖ ತೋರಿಸದವನು. ನಮ್ಮ ಓದುಗರಿಗೆ ಇದರಿಂದ ಆದ ನಿರಾಸೆ ಅಷ್ಟಿಷ್ಟಲ್ಲ. "ಹೀಗೆ ಕೊನೇಲಿ ಹೊಸಬನನ್ನ ತರೋದು ಶುದ್ಧ ಮೋಸ" ಎಂದು ಡಾಕ್ಟರು ಇವತ್ತಿಗೂ ಗೊಣಗುತ್ತಾರೆ. ಬಳೆಗಳು ಕೇಸು ಮುಗಿಯುವ ತನಕ ಮುದ್ದೆಮಾಲು ಎಂದು ಕೋರ್ಟಿನಲ್ಲೇ ಉಳಿದವು. "ನಾನು ಅಲ್ಲಿಂದ ರಿಟೈರಾದೆ, ನನ್ನ ಹೆಂಡತಿ ಬಳೆ ಅಲ್ಲಿಗೆ ಕೆಲಸಕ್ಕೆ ಸೇರ್ಕೊಂಡಿವೆ" ಎಂದು ಮಾಮ ಬಂದವರಿಗೆಲ್ಲ ಹೇಳಿಕೊಂಡು ನಕ್ಕರು.

ಮುಂದಿನ ಶನಿವಾರ ಸಂಜೆ ಅಂಗಡಿ ಮುಚ್ಚುವ ಹೊತ್ತಿಗೆ ಭಾವ ಬಾಗಿಲಲ್ಲಿ ನಿಂತಿದ್ದರು. ಒಂದು ಕೈಯಲ್ಲಿ ಟ್ರಂಕು, ಹಿಂದೆ ಅಮ್ಮನಿಗಿಂತ ಎತ್ತರವಾಗಿದ್ದ ಮಗಳು. ಭಾವ ಗಂಟಲು ಸರಿಮಾಡಿಕೊಂಡು, "ಫೋನಲ್ಲಿ ಹಾಗಂದಿದ್ದಕ್ಕೆ ಬೇಜಾರು ಮಾಡ್ಕೋಬೇಡಮ್ಮ" ಎಂದರು.

"ನೀವು ಸಾಕಿದ್ದಕ್ಕೆ ಇವಳು ಇಷ್ಟು ಎತ್ತರ ಆಗಿದ್ದು ಭಾವ. ನಿಮ್ಮ ಮೇಲೆ ಬೇಜಾರು ಎಲ್ಲಿಂದ ತರ್ಲಿ?" ಎಂದಳು ದಬ್ಬಳದಕ್ಕ. ಅದು ಹೃದಯದಿಂದ ಬಂದ ಮಾತು. ಕಟ್ಟುನಿಟ್ಟಿನ ಭಾವ ಟ್ರಂಕನ್ನು ಕೆಳಗಿಟ್ಟು ಕನ್ನಡಕ ಒರೆಸಿಕೊಂಡರು.

ಮಗಳು ಅಷ್ಟರಲ್ಲಿ ಕಪಾಟುಗಳ ನಡುವೆ ನುಸುಳಿ ಒಂದು ಪುಸ್ತಕ ಎಳೆದಿದ್ದಳು. ಅದನ್ನು ಬೋರಲು ಹಾಕಿ, ಕೊನೆಯ ಹಾಳೆ ತೆಗೆದು, ಇದೆಯೋ ಇಲ್ಲವೋ ನೋಡಿದಳು. ಜೊತೆಗಿರದೆ ಬೆಳೆದ ಹುಡುಗಿಗೆ ಈ ಚಾಳಿ ಎಲ್ಲಿಂದ ಬಂತೋ. ತಿಂಗಳಿಗೊಮ್ಮೆ ಅಮ್ಮ ನೋಡಲು ಹೋಗುವಾಗ ಒಯ್ದು ಕೊಡುತ್ತಿದ್ದ ಪುಸ್ತಕಗಳಿಂದ ಬಂದಿರಬೇಕು. ಮಾಮ ಅದನ್ನು ಕಂಡು ಬಾಯಿ ಮುಚ್ಚಿಕೊಂಡು ನಕ್ಕರು.

ದಬ್ಬಳದಕ್ಕ ದಬ್ಬಳ, ದಾರದುಂಡೆ ಎತ್ತಿಟ್ಟಳು. ಹೊರಡಬೇಕು. ಅಭ್ಯಾಸಬಲದಿಂದ ಮಾಮನ ಮುಂದೆ ಹೋಗಿ ನಿಂತು, ಚೀಲದ ಬಾಯಿಗೆ ಕೈ ಹಾಕಿದಳು.

"ಅಮ್ಮಾ, ಬ್ಯಾಗ್ ಯಾಕೆ ತೆಗೀತಿದ್ದೀಯ?" ಎಂದು ಕೇಳಿದಳು ಮಗಳು.

ದಬ್ಬಳದಕ್ಕನ ಕೈ ಅಲ್ಲೇ ನಿಂತಿತು. ಮಾಮನ ಮುಖ ನೋಡಿದಳು. ಮಾಮ ಈ ಸಲ ಗೋಡೆಯ ಕಡೆ ತಿರುಗಲಿಲ್ಲ, ಕ್ಯಾಲೆಂಡರಿನ ತಂಟೆಗೆ ಹೋಗಲಿಲ್ಲ. ಹೊಸ ಹಲಗೆ ಹೊಡೆಸಿದ್ದ ಡ್ರಾಯರನ್ನು ಒಳಗೆ ತಳ್ಳಿ ಎದ್ದು ನಿಂತರು.

"ಬೀಗದಕೈ ಹುಡುಕ್ತಿದ್ದಾಳೆ ಪುಟ್ಟಿ. ಡ್ರಾಯರಿಗೆ ಬೀಗ ಹಾಕಿ ಹೋಗೋದು ನಿಮ್ಮಮ್ಮನ ಕೆಲಸ."

ದಬ್ಬಳದಕ್ಕ ಚೀಲದ ಬಾಯಿ ಮುಚ್ಚಿದಳು. ಸೊಂಟದಿಂದ ಗೊಂಚಲು ಬಿಚ್ಚಿ, ಸಣ್ಣದನ್ನು ಹುಡುಕಿ ಹಿಡಿದು, ಜೀವನದಲ್ಲಿ ಮೊದಲ ಸಲ ಅದನ್ನು ಹಾಕಿ ತಿರುಗಿಸಿದಳು. ಬೀಗ ಬಿತ್ತು. ಸರಿಯಾಗಿ ಬಿದ್ದಿದೆಯೇ ಎಂದು ಒಮ್ಮೆ ಎಳೆದು ನೋಡಿದಳು. ಆಮೇಲೆ ಟ್ರಂಕಿನ ಒಂದು ಹಿಡಿಯನ್ನು ತಾನು, ಇನ್ನೊಂದನ್ನು ಮಗಳು ಹಿಡಿದುಕೊಂಡು ಮನೆಗೆ ಹೊರಟರು.